ಅಮೆರಿಕದ ಹೈಸ್ಕೂಲಿನಲ್ಲಿ ಹಿಸ್ಟರಿ ಪರೀಕ್ಷೆ: ಏನು ಕೇಳುತ್ತಾರೆ, ಹೇಗೆ ಓದಬೇಕು

ಕೆಲಸದ ಮೇಲೆ ಬೆಂಗಳೂರಿನಿಂದಲೋ ಮೈಸೂರಿನಿಂದಲೋ ಅಮೆರಿಕಕ್ಕೆ ಹೋದ ಮನೆಗಳಲ್ಲಿ ಮಕ್ಕಳ ಗಣಿತ, ವಿಜ್ಞಾನದ ಬಗ್ಗೆ ಯಾರೂ ಅಷ್ಟಾಗಿ ತಲೆ ಕೆಡಿಸಿಕೊಳ್ಳುವುದಿಲ್ಲ. ನ್ಯೂಟನ್ ಎಲ್ಲಿ ಹೋದರೂ ನ್ಯೂಟನ್ನೇ. ಪೇಚಾಟ ಶುರುವಾಗುವುದು ಮಗನೋ ಮಗಳೋ ಹತ್ತು, ಹನ್ನೊಂದನೇ ಕ್ಲಾಸಿಗೆ ಸೇರಿ ಹಿಸ್ಟರಿ ಪುಸ್ತಕ ಮನೆಗೆ ತಂದಾಗ. ಜೊತೆಯ ಮಕ್ಕಳು ಪ್ರೈಮರಿಯಿಂದಲೇ ಕೇಳಿಕೊಂಡು ಬಂದ ಹೆಸರುಗಳೆಲ್ಲ ಇವರಿಗೆ ಹೊಸವು. ಮನೆಯಲ್ಲಿ ಕೇಳೋಣ ಅಂದರೆ ಅಪ್ಪ ಅಮ್ಮ ಓದಿದ್ದು ಪ್ಲಾಸಿ ಕದನ, ಉಪ್ಪಿನ ಸತ್ಯಾಗ್ರಹ, ಕರ್ನಾಟಕ ಏಕೀಕರಣ. ಹ್ಯಾಮಿಲ್ಟನ್ ಯಾರು, ರಿಕನ್‌ಸ್ಟ್ರಕ್ಷನ್ ಅಂದರೆ ಏನು ಅಂತ ಅವರಿಗೂ ಗೊತ್ತಿಲ್ಲ.

ಆಗ ಗೊತ್ತಿರುವ ದಾರಿಯನ್ನೇ ಹಿಡಿಯುತ್ತಾರೆ. ಇಸವಿಗಳ ಪಟ್ಟಿ, ಅಧ್ಯಕ್ಷರ ಪಟ್ಟಿ, ಬಾಯಿಪಾಠ. ಎಸ್ಸೆಸ್ಸೆಲ್ಸಿಗೆ ಅದು ಸಾಕಾಗಿತ್ತು. ಅಮೆರಿಕದ ಪರೀಕ್ಷೆಯಲ್ಲಿ ಅದು ನಡುದಾರಿಯಲ್ಲೇ ಕೈ ಕೊಡುತ್ತದೆ. ಅಲ್ಲಿನ ಪ್ರಶ್ನೆಪತ್ರಿಕೆಯೇ ಬೇರೆ ರೀತಿಯದು.

ರಾಜ್ಯಕ್ಕೊಂದು ಪರೀಕ್ಷೆ

ಮೊದಲು ತಿಳಿಯಬೇಕಾದ್ದು: ಅಮೆರಿಕಕ್ಕೆಲ್ಲ ಸೇರಿ ಒಂದು ಬೋರ್ಡ್ ಪರೀಕ್ಷೆ ಇಲ್ಲ. ಸಿಬಿಎಸ್‌ಇ ತರಹ ದೇಶದ ತುಂಬ ಹರಡಿದ ಬೋರ್ಡೂ ಇಲ್ಲ. ಶಾಲೆಯ ವಿಷಯ ರಾಜ್ಯಗಳಿಗೆ ಬಿಟ್ಟದ್ದು.

ನ್ಯೂಯಾರ್ಕ್ ರಾಜ್ಯದಲ್ಲಿ 'ಯುನೈಟೆಡ್ ಸ್ಟೇಟ್ಸ್ ಹಿಸ್ಟರಿ ಅಂಡ್ ಗವರ್ನಮೆಂಟ್' ಎಂಬ ರೀಜೆಂಟ್ಸ್ ಪರೀಕ್ಷೆ ಇದೆ. ಸಾಮಾನ್ಯವಾಗಿ ಹನ್ನೊಂದನೇ ಕ್ಲಾಸಿನ ಕೊನೆಗೆ, ಜೂನ್‌ನಲ್ಲಿ ಬರೆಯುತ್ತಾರೆ. ಪಾಸಿಗೆ 65 ಬೇಕು. ಟೆಕ್ಸಸ್‌ನಲ್ಲಿ ಸ್ಟಾರ್ ಎಂಬ ಪರೀಕ್ಷೆಗಳಲ್ಲಿ ಯುಎಸ್ ಹಿಸ್ಟರಿಯೂ ಒಂದು. ಅಲ್ಲಿ ಹೈಸ್ಕೂಲಿನ ಪಾಠ 1877ರಿಂದ ಈಚಿನದು. ಫ್ಲೋರಿಡಾದಲ್ಲಿ ಕೋರ್ಸ್ ಮುಗಿದ ಮೇಲೆ ರಾಜ್ಯದ ಪರೀಕ್ಷೆ ಇರುತ್ತದೆ, ಅದರ ಅಂಕ ಕೋರ್ಸಿನ ಗ್ರೇಡಿಗೆ 30 ಶೇಕಡಾ ಸೇರುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಕೋರ್ಸ್ ಕಡ್ಡಾಯ, ಆದರೆ ಪಾಸಾಗಲು ರಾಜ್ಯದ ಹಿಸ್ಟರಿ ಪರೀಕ್ಷೆ ಇಲ್ಲ.

ಇವೆಲ್ಲದರ ಮೇಲೆ ಕಾಲೇಜ್ ಬೋರ್ಡ್ ನಡೆಸುವ ಎಪಿ ಪರೀಕ್ಷೆಗಳು. ಎಪಿ ಯುಎಸ್ ಹಿಸ್ಟರಿ ಒಂದು, ಎಪಿ ಗವರ್ನಮೆಂಟ್ ಇನ್ನೊಂದು. ಇವು ಯಾರಿಗೂ ಕಡ್ಡಾಯವಲ್ಲ. ಕಾಲೇಜು ಮಟ್ಟದ ಪಾಠವನ್ನು ಹೈಸ್ಕೂಲಿನಲ್ಲೇ ಓದಿ, ಮೇ ತಿಂಗಳಲ್ಲಿ ಪರೀಕ್ಷೆ ಬರೆದು, 1ರಿಂದ 5ರವರೆಗಿನ ಅಳತೆಯಲ್ಲಿ ಅಂಕ ಪಡೆಯುವುದು. 3 ಬಂದರೆ ಕೆಲವು ಕಾಲೇಜುಗಳು ಕ್ರೆಡಿಟ್ ಕೊಡುತ್ತವೆ. ಪೈಪೋಟಿ ಜಾಸ್ತಿ ಇರುವ ಕಡೆ 4 ಅಥವಾ 5 ಕೇಳುತ್ತಾರೆ.

ಈ ಲೇಖನದಲ್ಲಿ ನ್ಯೂಯಾರ್ಕಿನ ರೀಜೆಂಟ್ಸನ್ನೇ ಮುಂದಿಟ್ಟುಕೊಂಡಿದ್ದೇನೆ. ಹಿಸ್ಟರಿ ಮತ್ತು ಗವರ್ನಮೆಂಟ್ ಎರಡನ್ನೂ ಒಟ್ಟಿಗೆ ಕೇಳುವ ಪರೀಕ್ಷೆ ಅದು. ಅದಕ್ಕೆ ತಯಾರಾದವರಿಗೆ ಉಳಿದವು ತೀರಾ ಅಪರಿಚಿತ ಅನ್ನಿಸುವುದಿಲ್ಲ. ಒಂದು ಮಾತು: ಡಿಪ್ಲೊಮಾಗೆ, ಅಂದರೆ ಹೈಸ್ಕೂಲ್ ಮುಗಿಸಿದ ಸರ್ಟಿಫಿಕೇಟಿಗೆ, ರೀಜೆಂಟ್ಸ್ ಪಾಸಾಗಲೇಬೇಕು ಎಂಬ ನಿಯಮವನ್ನು ನ್ಯೂಯಾರ್ಕ್ ಕೈಬಿಡಲು ಹೊರಟಿದೆ. ನಿಮ್ಮ ಮಗುವಿನ ಬ್ಯಾಚಿಗೆ ಯಾವ ನಿಯಮ ಅನ್ನುವುದನ್ನು ಶಾಲೆಯ ಕೌನ್ಸೆಲರ್ ಹತ್ತಿರವೇ ಕೇಳಿ. ವಾಟ್ಸಾಪ್ ಗುಂಪಿನ ಮಾತು ನಂಬಬೇಡಿ.

ಪ್ರಶ್ನೆಪತ್ರಿಕೆಯಲ್ಲಿ ಏನಿರುತ್ತದೆ

ಮೂರು ಗಂಟೆ, ಮೂರು ಭಾಗ. ಮೊದಲ ಭಾಗದಲ್ಲಿ 28 ಬಹು ಆಯ್ಕೆ ಪ್ರಶ್ನೆ. ಎರಡನೆಯದರಲ್ಲಿ ಎರಡು ಕಿರು ಪ್ರಬಂಧ. ಮೂರನೆಯದರಲ್ಲಿ ಆರು ದಾಖಲೆಗಳನ್ನು ಓದಿ ಚಿಕ್ಕ ಉತ್ತರ, ಆಮೇಲೆ ಅವನ್ನೇ ಬಳಸಿ ಒಂದು ದೊಡ್ಡ ಪ್ರಬಂಧ. ಅದಕ್ಕೆ ಸಿವಿಕ್ ಲಿಟರಸಿ ಪ್ರಬಂಧ ಅಂತ ಹೆಸರು.

ಗಮನಿಸಬೇಕಾದ್ದು ಬಹು ಆಯ್ಕೆ ಪ್ರಶ್ನೆಗಳನ್ನು. 'ಸಂವಿಧಾನಕ್ಕೆ ಸಹಿ ಬಿದ್ದ ವರ್ಷ ಯಾವುದು' ಅಂತ ಒಣ ಪ್ರಶ್ನೆ ಅಲ್ಲಿ ಬರುವುದಿಲ್ಲ. ಒಂದು ಭಾಷಣದ ತುಣುಕು, ಹಳೆಯ ಕಾರ್ಟೂನು, ನಕ್ಷೆ ಅಥವಾ ಗ್ರಾಫು ಕೊಡುತ್ತಾರೆ. ಅದನ್ನು ನೋಡಿ ಉತ್ತರಿಸಬೇಕು. ಉದಾಹರಣೆಗೆ, ತುಂಡು ತುಂಡಾದ ಹಾವಿನ ಚಿತ್ರ ಒಂದಿದೆ. ಬೆಂಜಮಿನ್ ಫ್ರಾಂಕ್ಲಿನ್ 1754ರಲ್ಲಿ ತನ್ನ ಪತ್ರಿಕೆಯಲ್ಲಿ ಹಾಕಿದ್ದು. ಒಂದಾಗಿ, ಇಲ್ಲ ಸಾಯಿರಿ ಅನ್ನುವ ಅರ್ಥದ ಮಾತು ಅದರ ಕೆಳಗಿದೆ. ಹಾವಿನ ತುಂಡುಗಳ ಪಕ್ಕದ ಅಕ್ಷರಗಳು ವಸಾಹತುಗಳ ಹೆಸರು ಅಂತ ಹೊಳೆದರೆ ಅರ್ಧ ಕೆಲಸ ಮುಗಿಯಿತು. ಆ ವಸಾಹತುಗಳು ಆಗ ಯಾಕೆ ಒಂದಾಗಬೇಕಿತ್ತು ಅನ್ನುವ ಉಳಿದರ್ಧ ಮಾತ್ರ ನೆನಪಿನಿಂದ ಬರಬೇಕು.

ಅಂದರೆ ಮಾಹಿತಿಯ ಒಂದು ಭಾಗ ಪ್ರಶ್ನೆಯಲ್ಲೇ ಇರುತ್ತದೆ. ಮಗು ತಲೆಯಲ್ಲಿ ಹೊತ್ತುಕೊಂಡು ಹೋಗಬೇಕಾದ್ದು ಹಿನ್ನೆಲೆ: ಆಗ ಏನು ನಡೆಯುತ್ತಿತ್ತು, ಯಾರಿಗೆ ಯಾರ ಮೇಲೆ ಸಿಟ್ಟಿತ್ತು, ಮುಂದೆ ಏನಾಯಿತು. ಬರೀ ಇಸವಿ ಗೊತ್ತಿದ್ದವರು ಇಲ್ಲಿ ಸಿಕ್ಕಿಬೀಳುತ್ತಾರೆ. ಹಿನ್ನೆಲೆ ಗೊತ್ತಿದ್ದವರಿಗೆ ಇಸವಿ ಹತ್ತು ವರ್ಷ ಆಚೀಚೆ ಆದರೂ ಉತ್ತರ ಸಿಗುತ್ತದೆ.

ಎಲ್ಲಕ್ಕಿಂತ ಮೊದಲು 1787

ಪುಸ್ತಕ ಶುರುವಾಗುವುದು ವಸಾಹತುಗಳಿಂದ. ಆದರೆ ಹೊಸಬರು ಮೊದಲು 1787ನ್ನು ಹಿಡಿಯುವುದು ವಾಸಿ ಅಂತ ನನ್ನ ಲೆಕ್ಕ. ಪರೀಕ್ಷೆಯ ಬಹಳಷ್ಟು ಪ್ರಶ್ನೆಗಳು ಆ ವರ್ಷ ಫಿಲಡೆಲ್ಫಿಯಾದಲ್ಲಿ ಬರೆದ ಸಂವಿಧಾನಕ್ಕೆ ಹೇಗೋ ಬಂದು ತಾಗುತ್ತವೆ.

1776ರಲ್ಲಿ 13 ವಸಾಹತುಗಳು ಬ್ರಿಟನ್ನಿನಿಂದ ಬಿಡುಗಡೆ ಘೋಷಿಸಿದವು. 1781ರಲ್ಲಿ ಒಂದು ಒಪ್ಪಂದ ಮಾಡಿಕೊಂಡವು. ಅದರ ಹೆಸರು ಆರ್ಟಿಕಲ್ಸ್ ಆಫ್ ಕಾನ್ಫೆಡರೇಶನ್. ರಾಜನ ಕಾಟದಿಂದ ಈಗಷ್ಟೇ ಬಿಡಿಸಿಕೊಂಡವರು. ಇನ್ನೊಂದು ಬಲವಾದ ಸರ್ಕಾರ ಕಟ್ಟುವುದು ಯಾರಿಗೂ ಬೇಕಿರಲಿಲ್ಲ. ಹಾಗಾಗಿ ಕೇಂದ್ರಕ್ಕೆ ತೆರಿಗೆ ಹಾಕುವ ಅಧಿಕಾರವನ್ನೇ ಕೊಡಲಿಲ್ಲ. ದುಡ್ಡು ಬೇಕಾದರೆ ರಾಜ್ಯಗಳನ್ನು ಕೇಳಬೇಕು, ಅವು ಮನಸ್ಸು ಬಂದರೆ ಕೊಡಬೇಕು.

ಮೆಂಟೆನೆನ್ಸ್ ವಸೂಲಿ ಮಾಡುವ ಅಧಿಕಾರ ಇಲ್ಲದ ಅಪಾರ್ಟ್‌ಮೆಂಟ್ ಅಸೋಸಿಯೇಶನ್ ಊಹಿಸಿಕೊಳ್ಳಿ. ಲಿಫ್ಟ್ ಕೆಟ್ಟಿದೆ, ಸೆಕ್ಯುರಿಟಿಯವರಿಗೆ ಸಂಬಳ ಬಾಕಿ ಇದೆ. ಪ್ರತಿ ತಿಂಗಳೂ ನೋಟಿಸ್ ಅಂಟಿಸುತ್ತಾರೆ, ಕೊಡುವವರು ಕೊಡುತ್ತಾರೆ, ಉಳಿದವರು ಸುಮ್ನೆ ಇರುತ್ತಾರೆ. ನಿಯಮ ಬದಲಿಸೋಣ ಅಂದರೆ ಎಲ್ಲ ಮನೆಯವರೂ ಒಪ್ಪಬೇಕು, ಒಬ್ಬರು ತಲೆ ಅಲ್ಲಾಡಿಸಿದರೂ ಕತೆ ಮುಗಿಯಿತು. 1780ರ ದಶಕದ ಅಮೆರಿಕ ಇದ್ದದ್ದು ಹೀಗೇ. ಯುದ್ಧ ಮಾಡಿದ ಸೈನಿಕರ ಸಂಬಳವೂ ಸರಿಯಾಗಿ ಬರಲಿಲ್ಲ.

1786ರಲ್ಲಿ ಮ್ಯಾಸಚೂಸೆಟ್ಸ್‌ನಲ್ಲಿ ಸಾಲದಿಂದ ಸೋತ ರೈತರು ದಂಗೆ ಎದ್ದರು. ಮುಂದೆ ನಿಂತವರಲ್ಲಿ ಡೇನಿಯಲ್ ಶೇಸ್ ಎಂಬ ಮಾಜಿ ಸೈನಿಕನಿದ್ದ. ಜಮೀನು ಕಿತ್ತುಕೊಳ್ಳುವ ಆದೇಶ ಹೊರಡದಂತೆ ಕೋರ್ಟುಗಳನ್ನೇ ಮುಚ್ಚಿಸಲು ಹೊರಟಿದ್ದರು. ಅದನ್ನು ಹತ್ತಿಕ್ಕಲು ಕೇಂದ್ರದ ಕೈಯಲ್ಲಿ ಆಗಲಿಲ್ಲ. ಮರುವರ್ಷ ಫಿಲಡೆಲ್ಫಿಯಾದಲ್ಲಿ 55 ಪ್ರತಿನಿಧಿಗಳು ಸೇರಿದ್ದಕ್ಕೆ ಈ ಭಯವೂ ಒಂದು ಕಾರಣ. ಹಳೆಯ ಒಪ್ಪಂದವನ್ನು ರಿಪೇರಿ ಮಾಡಲು ಬಂದವರು ಹೊಸ ಸಂವಿಧಾನವನ್ನೇ ಬರೆದುಬಿಟ್ಟರು. ಕೊನೆಗೆ ಸಹಿ ಹಾಕಿದವರು 39 ಮಂದಿ.

ಅಲ್ಲಿ ಆದ ಎರಡು ರಾಜಿಗಳು ಪರೀಕ್ಷೆಯಲ್ಲಿ ಮತ್ತೆ ಮತ್ತೆ ಬರುತ್ತವೆ. ದೊಡ್ಡ ರಾಜ್ಯಗಳು ಜನಸಂಖ್ಯೆಯ ಲೆಕ್ಕದಲ್ಲಿ ಸೀಟು ಬೇಕೆಂದವು, ಚಿಕ್ಕವು ಸಮ ಸಮ ಬೇಕೆಂದವು. ಎರಡು ಸದನ ಮಾಡಿ ಇಬ್ಬರಿಗೂ ಸಮಾಧಾನ ಹೇಳಿದರು. ಹೌಸ್‌ನಲ್ಲಿ ಜನಸಂಖ್ಯೆಯ ಲೆಕ್ಕ, ಸೆನೆಟ್‌ನಲ್ಲಿ ರಾಜ್ಯಕ್ಕೆ ಇಬ್ಬರು. ಎರಡನೆಯ ರಾಜಿ ಗುಲಾಮರದು. ದಕ್ಷಿಣದ ರಾಜ್ಯಗಳಿಗೆ ಗುಲಾಮರನ್ನೂ ಜನಸಂಖ್ಯೆಯಲ್ಲಿ ಎಣಿಸಬೇಕಿತ್ತು, ವೋಟು ಮಾತ್ರ ಕೊಡುವ ಹಾಗಿಲ್ಲ. ಐವರು ಗುಲಾಮರನ್ನು ಮೂವರೆಂದು ಎಣಿಸುವುದು ಅಂತ ತೀರ್ಮಾನವಾಯಿತು. ದಕ್ಷಿಣಕ್ಕೆ ಹೌಸ್‌ನಲ್ಲಿ ಸೀಟುಗಳು ಹೆಚ್ಚಾದವು. ಆ ಲೆಕ್ಕಕ್ಕೆ ಸೇರಿದ ಮನುಷ್ಯರಿಗೆ ಏನೂ ಸಿಗಲಿಲ್ಲ. ಮುಂದಿನ ಜಗಳಗಳಲ್ಲಿ ಎಷ್ಟೋ ಹುಟ್ಟಿದ್ದು ಇಲ್ಲಿಂದಲೇ.

ನಮ್ಮ ಸಿವಿಕ್ಸ್ ಅಡ್ಡ ಬರುವ ಜಾಗಗಳು

ಭಾರತದಲ್ಲಿ ಪೌರನೀತಿ ಓದಿದವರಿಗೆ ಅಮೆರಿಕದ ಸರ್ಕಾರ ಅರ್ಥವಾದಂತೆ ಅನ್ನಿಸುತ್ತದೆ. ಎರಡೂ ಗಣರಾಜ್ಯ, ಎರಡರಲ್ಲೂ ರಾಜ್ಯಗಳು, ಸುಪ್ರೀಂ ಕೋರ್ಟು, ಹಕ್ಕುಗಳು. ತಪ್ಪುಗಳು ನುಸುಳುವುದು ಈ ಹೋಲಿಕೆಯಿಂದಲೇ. ಹಾಗಾಗಿ ಇದನ್ನು ಸ್ವಲ್ಪ ನಿಧಾನವಾಗಿ ನೋಡೋಣ.

ನಮ್ಮಲ್ಲಿ ಪ್ರಧಾನಿ ಸಂಸತ್ತಿನ ಒಳಗಿನವರು. ಲೋಕಸಭೆಯಲ್ಲಿ ಬಹುಮತ ಹೋದರೆ ಸರ್ಕಾರವೂ ಹೋಗುತ್ತದೆ. ಅಮೆರಿಕದ ಅಧ್ಯಕ್ಷರು ಸಂಸತ್ತಿನ ಸದಸ್ಯರಲ್ಲ. ಅಲ್ಲಿನ ಸಂಸತ್ತಿಗೆ ಕಾಂಗ್ರೆಸ್ ಅಂತ ಹೆಸರು, ಪಕ್ಷಕ್ಕೂ ಅದಕ್ಕೂ ಸಂಬಂಧವಿಲ್ಲ. ಕಾಂಗ್ರೆಸ್‌ನ ಎರಡೂ ಸದನ ವಿರೋಧ ಪಕ್ಷದ ಕೈಯಲ್ಲಿದ್ದರೂ ಅಧ್ಯಕ್ಷರು ನಾಲ್ಕು ವರ್ಷ ಕುರ್ಚಿಯಲ್ಲಿ ಇರಬಹುದು. ಮಂತ್ರಿಯಾಗಬೇಕಾದರೆ ಸಂಸದರಾಗಿರಬೇಕು ಅನ್ನುವುದು ನಮ್ಮ ನಿಯಮ. ಅಲ್ಲಿ ಉಲ್ಟಾ: ಸೆನೆಟರ್ ಒಬ್ಬರು ಮಂತ್ರಿಮಂಡಲ ಸೇರಬೇಕಾದರೆ ಸೆನೆಟ್ ಸೀಟು ಬಿಡಬೇಕು.

ಕಾನೂನು ಮಾಡುವವರು, ಜಾರಿ ಮಾಡುವವರು, ತೀರ್ಪು ಕೊಡುವವರು ಬೇರೆ ಬೇರೆ ಇರಲಿ ಎಂಬ ಯೋಚನೆ ಇದರ ಹಿಂದಿದೆ. ಬೇರೆ ಇಟ್ಟ ಮೇಲೆ ಒಬ್ಬರು ಇನ್ನೊಬ್ಬರ ಕೈ ಹಿಡಿಯುವ ದಾರಿಗಳನ್ನೂ ಇಟ್ಟರು. ಕಾಂಗ್ರೆಸ್ ಮಸೂದೆ ಪಾಸು ಮಾಡಿದರೆ ಅಧ್ಯಕ್ಷರು ವೀಟೋ ಹಾಕಬಹುದು. ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಮತ ಬಿದ್ದರೆ ವೀಟೋ ಬಿದ್ದುಹೋಗುತ್ತದೆ. ಸುಪ್ರೀಂ ಕೋರ್ಟಿಗೆ ಜಡ್ಜನ್ನು ಅಧ್ಯಕ್ಷರು ಸೂಚಿಸುತ್ತಾರೆ, ಸೆನೆಟ್ ಒಪ್ಪಬೇಕು. ಒಪ್ಪಿದ ಮೇಲೆ ಆ ಜಡ್ಜಿಗೆ ನಿವೃತ್ತಿಯ ವಯಸ್ಸೇ ಇಲ್ಲ. ನಮ್ಮಲ್ಲಿ 65ಕ್ಕೆ ಇಳಿಯಬೇಕು, ಅಲ್ಲಿ ಬದುಕಿರುವವರೆಗೂ ಕೂರಬಹುದು. ಒಬ್ಬ ಜಡ್ಜಿನ ನೇಮಕಕ್ಕೆ ಅಲ್ಲಿ ಅಷ್ಟೊಂದು ಗಲಾಟೆ ಆಗುವುದು ಇದಕ್ಕೇ.

ಸೆನೆಟನ್ನು ರಾಜ್ಯಸಭೆಗೆ ಹೋಲಿಸುವುದು ಸುಲಭ, ಆದರೆ ಹುಷಾರು. ರಾಜ್ಯಸಭೆಯಲ್ಲಿ ಉತ್ತರ ಪ್ರದೇಶಕ್ಕೆ 31 ಸೀಟು, ಕರ್ನಾಟಕಕ್ಕೆ 12, ಸಿಕ್ಕಿಂಗೆ 1. ಸೆನೆಟ್‌ನಲ್ಲಿ ಸುಮಾರು ನಾಲ್ಕು ಕೋಟಿ ಜನರ ಕ್ಯಾಲಿಫೋರ್ನಿಯಾಕ್ಕೂ ಇಬ್ಬರು, ಆರು ಲಕ್ಷವೂ ತುಂಬದ ವಯೋಮಿಂಗ್‌ಗೂ ಇಬ್ಬರು. ಒಂದು ಕಾಲಕ್ಕೆ ಎರಡಕ್ಕೂ ಹತ್ತಿರದ ಹೋಲಿಕೆ ಇತ್ತು. ಸೆನೆಟರುಗಳನ್ನೂ ರಾಜ್ಯಗಳ ಶಾಸಕರೇ ಆರಿಸುತ್ತಿದ್ದರು. 1913ರ 17ನೇ ತಿದ್ದುಪಡಿ ಬಂದ ಮೇಲೆ ಜನರೇ ನೇರವಾಗಿ ಆರಿಸುತ್ತಾರೆ.

ಇನ್ನು ಕೇಂದ್ರ ಮತ್ತು ರಾಜ್ಯ. ನಮ್ಮ ಸಂವಿಧಾನದಲ್ಲಿ ಮೂರು ಪಟ್ಟಿಗಳಿವೆ, ಯಾವ ಪಟ್ಟಿಗೂ ಸೇರದೆ ಉಳಿದದ್ದು ಕೇಂದ್ರಕ್ಕೆ. ಅಮೆರಿಕದಲ್ಲಿ ಹೆಸರಿಸಿ ಕೇಂದ್ರಕ್ಕೆ ಕೊಟ್ಟದ್ದು ಮಾತ್ರ ಕೇಂದ್ರಕ್ಕೆ, ಉಳಿದದ್ದು ರಾಜ್ಯಗಳಿಗೆ ಅಥವಾ ಜನರಿಗೆ. 10ನೇ ತಿದ್ದುಪಡಿ ಹೇಳುವುದು ಇದನ್ನೇ. ನ್ಯೂಯಾರ್ಕಿಗೊಂದು, ಟೆಕ್ಸಸ್ಸಿಗೊಂದು ಹಿಸ್ಟರಿ ಪರೀಕ್ಷೆ ಯಾಕಿದೆ ಅನ್ನುವುದಕ್ಕೂ ಉತ್ತರ ಇಲ್ಲೇ ಇದೆ.

ಅಧ್ಯಕ್ಷರ ಚುನಾವಣೆಯ ಲೆಕ್ಕವನ್ನೂ ಒಮ್ಮೆ ನೋಡಿಬಿಡಬೇಕು. ಪ್ರತಿ ರಾಜ್ಯಕ್ಕೆ ಅದರ ಹೌಸ್ ಸೀಟು ಮತ್ತು ಸೆನೆಟ್ ಸೀಟು ಕೂಡಿಸಿದಷ್ಟು ಎಲೆಕ್ಟೋರಲ್ ವೋಟು. ಹೌಸ್ 435, ಸೆನೆಟ್ 100, ರಾಜಧಾನಿ ವಾಷಿಂಗ್ಟನ್ ಡಿಸಿಗೆ 3, ಒಟ್ಟು 538. ಗೆಲ್ಲಲು 270 ಬೇಕು. ಬಹುತೇಕ ರಾಜ್ಯಗಳಲ್ಲಿ ಒಂದು ವೋಟು ಹೆಚ್ಚು ಬಂದವರಿಗೂ ಆ ರಾಜ್ಯದ ಎಲ್ಲ ಎಲೆಕ್ಟೋರಲ್ ವೋಟು ಹೋಗುತ್ತದೆ. ಹಾಗಾಗಿ ದೇಶದಲ್ಲಿ ಒಟ್ಟು ಕಡಿಮೆ ವೋಟು ಪಡೆದವರೂ ಅಧ್ಯಕ್ಷರಾಗಬಹುದು. 2000 ಮತ್ತು 2016ರಲ್ಲಿ ಹಾಗೇ ಆಯಿತು.

'ನಾವು, ಈ ದೇಶದ ಜನ' ಅಂದರೆ ಯಾರು?

ಹಿಸ್ಟರಿ ಭಾಗ ದೊಡ್ಡದು. ವಸಾಹತುಗಳಿಂದ ಇವತ್ತಿನವರೆಗೆ. ಎಲ್ಲವನ್ನೂ ಒಂದೇ ತೂಕದಲ್ಲಿ ಓದಲು ಹೋದರೆ ಯಾವುದೂ ನಿಲ್ಲುವುದಿಲ್ಲ. ಒಂದು ಪ್ರಶ್ನೆ ಹಿಡಿದು ಆದಿಯಿಂದ ಅಂತ್ಯದವರೆಗೆ ಹೋಗುವುದು ಒಳ್ಳೆಯ ದಾರಿ. ಸಂವಿಧಾನದ ಮೊದಲ ಸಾಲಿನಲ್ಲಿ 'ನಾವು, ಜನ' ಅಂತ ಬರುತ್ತದಲ್ಲ, ಆ ಜನರಲ್ಲಿ ಯಾರು ಯಾರು ಇದ್ದರು?

ಭಾರತದಲ್ಲಿ ಈ ಪ್ರಶ್ನೆ ವೋಟಿನ ಮಟ್ಟಿಗೆ ಒಂದೇ ಏಟಿಗೆ ಮುಗಿಯಿತು. 1951–52ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲೇ ಜಾತಿ, ಲಿಂಗ, ಆಸ್ತಿ, ಓದು ಯಾವುದನ್ನೂ ಕೇಳದೆ ವಯಸ್ಕರೆಲ್ಲರಿಗೂ ವೋಟು. ಅಮೆರಿಕದಲ್ಲಿ ಅದಕ್ಕೆ ಸುಮಾರು ಎರಡು ಶತಮಾನ ಹಿಡಿಯಿತು. ಅಲ್ಲಿನ ಹಿಸ್ಟರಿ ಪುಸ್ತಕದ ತುಂಬ ವೋಟಿನ ಹಕ್ಕಿನ ಹೋರಾಟವೇ ಕಾಣುವುದು ಆಶ್ಚರ್ಯವಲ್ಲ.

1857ರಲ್ಲಿ ಡ್ರೆಡ್ ಸ್ಕಾಟ್ ಎಂಬ ಗುಲಾಮನ ಕೇಸಿನಲ್ಲಿ ಸುಪ್ರೀಂ ಕೋರ್ಟು ಕಪ್ಪು ಜನರು ದೇಶದ ಪ್ರಜೆಗಳೇ ಅಲ್ಲ ಅಂದಿತು. ನಾಲ್ಕು ವರ್ಷಕ್ಕೆ, ಗುಲಾಮಗಿರಿಯ ಜಗಳದಲ್ಲಿ ದಕ್ಷಿಣದ ರಾಜ್ಯಗಳು ದೇಶದಿಂದ ಬೇರೆಯಾಗಲು ಹೊರಟು, ಅಂತರ್ಯುದ್ಧ ಶುರುವಾಯಿತು, 1865ರಲ್ಲಿ ಮುಗಿಯಿತು. ಆಮೇಲೆ ಬಂದ ಮೂರು ತಿದ್ದುಪಡಿಗಳನ್ನು ಒಟ್ಟಿಗೆ ನೆನಪಿಡಬೇಕು. 13ನೆಯದು ಗುಲಾಮಗಿರಿ ತೆಗೆಯಿತು. 14ನೆಯದು, 1868ರದ್ದು, ಈ ನೆಲದಲ್ಲಿ ಹುಟ್ಟಿದವರನ್ನು ಪ್ರಜೆಗಳೆಂದಿತು, ಕಾನೂನಿನ ಮುಂದೆ ಸಮಾನ ರಕ್ಷಣೆ ಕೊಟ್ಟಿತು. 15ನೆಯದು, 1870ರದ್ದು, ಬಣ್ಣದ ಕಾರಣಕ್ಕೆ ವೋಟು ತಪ್ಪಿಸಬಾರದೆಂದಿತು. ಯುದ್ಧದ ನಂತರ ದಕ್ಷಿಣವನ್ನು ಮತ್ತೆ ದೇಶಕ್ಕೆ ಸೇರಿಸಿ ಕಟ್ಟಿದ ಈ ಕಾಲಕ್ಕೇ ರಿಕನ್‌ಸ್ಟ್ರಕ್ಷನ್ ಅನ್ನುವುದು.

1877ರ ಹೊತ್ತಿಗೆ ದಕ್ಷಿಣದಲ್ಲಿ ಕಾವಲಿದ್ದ ಕೇಂದ್ರದ ಸೈನ್ಯ ಹಿಂದೆ ಸರಿಯಿತು. ಕಾಗದದ ಮೇಲೆ ಹಕ್ಕು ಉಳಿಯಿತು, ಬಳಸಲು ಬಿಡಲಿಲ್ಲ. ವೋಟು ಹಾಕಲು ತೆರಿಗೆ ಕಟ್ಟು ಅಂದರು, ಓದಿನ ಪರೀಕ್ಷೆ ಇಟ್ಟರು. 1867ಕ್ಕೂ ಮೊದಲು ಅಜ್ಜನಿಗೆ ವೋಟಿದ್ದರೆ ಪರೀಕ್ಷೆ ಬೇಡ ಅಂತ ಬಿಳಿಯರಿಗೆ ಹಿಂಬಾಗಿಲು ತೆರೆದರು. 1896ರ ಪ್ಲೆಸಿ ಕೇಸಿನಲ್ಲಿ, ಕಪ್ಪು ಜನರನ್ನೂ ಬಿಳಿಯರನ್ನೂ ಬೇರೆ ಬೇರೆ ಇಟ್ಟರೂ ಸಮಾನವಾಗಿದ್ದರೆ ಸರಿ ಅಂತ ಕೋರ್ಟು ಹೇಳಿತು. 1954ರ ಬ್ರೌನ್ ಕೇಸಿನಲ್ಲಿ, ಶಾಲೆಗಳ ಮಟ್ಟಿಗೆ ಅದು ತಪ್ಪು ಅಂತ ಅದೇ ಕೋರ್ಟು ಹೇಳಿತು. ಎರಡೂ ತೀರ್ಪಿಗೆ ಆಧಾರ ಒಂದೇ 14ನೇ ತಿದ್ದುಪಡಿ. ಮಾತು ಬದಲಾಗಲಿಲ್ಲ, ಅದನ್ನು ಓದಿದ ರೀತಿ ಬದಲಾಯಿತು. ಪರೀಕ್ಷೆಯವರಿಗೆ ತುಂಬ ಇಷ್ಟವಾದ ಜೋಡಿ ಇದು. ಆಮೇಲೆ 1964ರ ಸಿವಿಲ್ ರೈಟ್ಸ್ ಕಾಯ್ದೆ, 1965ರ ವೋಟಿಂಗ್ ರೈಟ್ಸ್ ಕಾಯ್ದೆ.

ಹೆಂಗಸರ ಹೋರಾಟದಲ್ಲಿ 1848ರ ಸೆನೆಕಾ ಫಾಲ್ಸ್ ಸಭೆಯಿಂದ 1920ರ 19ನೇ ತಿದ್ದುಪಡಿವರೆಗೆ 72 ವರ್ಷ. ಮೂಲನಿವಾಸಿಗಳೆಲ್ಲರಿಗೂ ಪೌರತ್ವ ಬಂದದ್ದು 1924ರಲ್ಲಿ. 18 ತುಂಬಿದವರಿಗೆ ವೋಟು 1971ರಲ್ಲಿ.

ಈ ಕತೆಯಲ್ಲಿ ಭಾರತೀಯರೂ ಬರುತ್ತಾರೆ. 1790ರ ಕಾನೂನಿನ ಪ್ರಕಾರ ಹೊರಗಿನಿಂದ ಬಂದವರಲ್ಲಿ ಬಿಳಿಯರು ಮಾತ್ರ ಪ್ರಜೆಗಳಾಗಬಹುದಿತ್ತು. ಭಗತ್ ಸಿಂಗ್ ಥಿಂಡ್ ಎಂಬ ಪಂಜಾಬಿನವರು ಮೊದಲ ಮಹಾಯುದ್ಧದಲ್ಲಿ ಅಮೆರಿಕದ ಸೈನ್ಯದಲ್ಲಿದ್ದವರು. ಅವರು ಪೌರತ್ವ ಕೇಳಿದಾಗ 1923ರಲ್ಲಿ ಸುಪ್ರೀಂ ಕೋರ್ಟು, ಸಾಮಾನ್ಯ ಜನರ ಮಾತಿನಲ್ಲಿ ಇವರು ಬಿಳಿಯರಲ್ಲ ಅಂತ ಹೇಳಿ ಕಳಿಸಿತು. 1946ರಲ್ಲಿ ಭಾರತೀಯರಿಗೆ ಪೌರತ್ವದ ಬಾಗಿಲು ತೆರೆಯಿತು, ವಲಸೆಗೆ ವರ್ಷಕ್ಕೆ 100 ಜನರ ಮಿತಿ ಇಟ್ಟು. 1965ರ ವಲಸೆ ಕಾಯ್ದೆ ದೇಶವಾರು ಕೋಟಾದ ಹಳೆಯ ಪದ್ಧತಿಯನ್ನು ತೆಗೆದುಹಾಕಿತು. ಡೆಟ್ರಾಯಿಟ್, ನ್ಯೂಜೆರ್ಸಿಗಳಲ್ಲಿ ಎಪ್ಪತ್ತರ ದಶಕದಲ್ಲಿ ಕನ್ನಡದ ಡಾಕ್ಟರು, ಎಂಜಿನಿಯರುಗಳು ನೆಲೆಸಿದ್ದು ಅದರಿಂದ. ಮನೆಯಲ್ಲಿ ಹಿಸ್ಟರಿ ಮಾತು ಶುರುಮಾಡಲು ಇದಕ್ಕಿಂತ ಒಳ್ಳೆಯ ಜಾಗ ಇಲ್ಲ.

ಒಂದು ದಾಖಲೆಯನ್ನು ಓದುವುದು ಹೇಗೆ

ಕಿರು ಪ್ರಬಂಧಗಳಲ್ಲಿ ಪ್ರತಿ ಸಲ ಎರಡು ದಾಖಲೆ ಕೊಡುತ್ತಾರೆ. ಮೊದಲ ಪ್ರಬಂಧದಲ್ಲಿ ಅವುಗಳ ಹಿನ್ನೆಲೆ ಹೇಳಿ, ಎರಡಕ್ಕೂ ಇರುವ ಸಂಬಂಧ ಬಿಡಿಸಬೇಕು: ಒಂದು ಇನ್ನೊಂದಕ್ಕೆ ಕಾರಣವೇ, ಎರಡೂ ಒಂದೇ ತರಹದವೇ, ಅಲ್ಲಿಂದ ಇತಿಹಾಸದ ದಿಕ್ಕು ತಿರುಗಿತೇ. ಎರಡನೆಯ ಪ್ರಬಂಧದಲ್ಲಿ ಹಿನ್ನೆಲೆಯ ಜೊತೆಗೆ ಇನ್ನೊಂದು ಪ್ರಶ್ನೆ. ಈ ದಾಖಲೆಯನ್ನು ಎಷ್ಟು ನಂಬಬಹುದು? ಬರೆದವರ ಉದ್ದೇಶ, ಅವರ ಓದುಗರು, ಪಕ್ಷಪಾತ, ದೃಷ್ಟಿಕೋನ ಇವುಗಳಲ್ಲಿ ಒಂದನ್ನು ಹಿಡಿದು ಹೇಳಬೇಕು. ನಮ್ಮ ಮಕ್ಕಳು ಎಡವುವುದು ಈ ಕಡೆಯ ಪ್ರಶ್ನೆಯಲ್ಲಿ. ಅಚ್ಚಾದದ್ದನ್ನು ಅನುಮಾನಿಸು ಅಂತ ನಮ್ಮಲ್ಲಿ ಯಾರೂ ಹೇಳಿಕೊಟ್ಟಿರುವುದಿಲ್ಲ.

ಒಂದು ಜೋಡಿ ತೆಗೆದುಕೊಳ್ಳೋಣ. ಮೊದಲನೆಯದು, ಜಪಾನ್ ನಡೆಸಿದ ಪರ್ಲ್ ಹಾರ್ಬರ್ ದಾಳಿಯ ಮರುದಿನ, 1941ರ ಡಿಸೆಂಬರ್ 8ರಂದು, ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಕಾಂಗ್ರೆಸ್‌ನಲ್ಲಿ ಮಾಡಿದ ಭಾಷಣ. ಎರಡನೆಯದು, 1942ರ ಫೆಬ್ರವರಿ 19ರಂದು ಅವರೇ ಹೊರಡಿಸಿದ 9066ನೇ ಆದೇಶ.

ಮೊದಲು ಓದಬೇಕಾದ್ದು ದಾಖಲೆಯ ಮೂಲ ಹೇಳುವ ಪುಟ್ಟ ಸಾಲನ್ನು. ಯಾರು, ಯಾವಾಗ, ಯಾರಿಗೆ. ಅದನ್ನು ಬಿಟ್ಟು ನೇರ ಒಳಗೆ ನುಗ್ಗಿದರೆ ಅಂಕ ಹೋದಂತೆ. ಹಿನ್ನೆಲೆ ಬರೆಯುವಾಗ ಯುದ್ಧದ ಜೊತೆಗೆ ಅದಕ್ಕೂ ಹಿಂದಿನದು ಬರಬೇಕು: ಪಶ್ಚಿಮ ಕರಾವಳಿಯಲ್ಲಿ ಏಷ್ಯನ್ನರ ವಿರುದ್ಧ ದಶಕಗಳಿಂದ ಇದ್ದ ದ್ವೇಷ, 1882ರಲ್ಲಿ ಚೀನಿಯರನ್ನು, 1924ರಲ್ಲಿ ಜಪಾನೀಯರನ್ನು ಹೊರಗಿಟ್ಟ ಕಾನೂನುಗಳು. ಸಂಬಂಧ ಕಾರಣ ಮತ್ತು ಪರಿಣಾಮದ್ದು. ದಾಳಿಯ ಭಯದಿಂದ ಸುಮಾರು 1,20,000 ಜಪಾನಿ ಮೂಲದವರನ್ನು ಮನೆ ಬಿಡಿಸಿ ಶಿಬಿರಗಳಿಗೆ ಕಳಿಸಿದರು. ಅವರಲ್ಲಿ ಮೂರನೇ ಎರಡರಷ್ಟು ಮಂದಿ ಅಮೆರಿಕದ ಪ್ರಜೆಗಳೇ.

ಈಗ ನಂಬಿಕೆಯ ಪ್ರಶ್ನೆ. ಆ ಆದೇಶವನ್ನು ಪೂರ್ತಿ ಓದಿದರೆ ಅದರಲ್ಲಿ ಜಪಾನಿ ಎಂಬ ಮಾತೇ ಇಲ್ಲ. ಸೇನೆ ಗುರುತಿಸಿದ ಜಾಗಗಳಿಂದ ಯಾರನ್ನು ಬೇಕಾದರೂ ಹೊರಗೆ ಕಳಿಸಬಹುದು ಅಂತಷ್ಟೇ ಇದೆ. ಕಾರಣವಾಗಿ ಬೇಹುಗಾರಿಕೆ, ವಿಧ್ವಂಸ ಕೃತ್ಯಗಳ ಭಯ ಹೇಳಿದೆ. ಸರ್ಕಾರ ಏನು ಆದೇಶಿಸಿತು, ಯಾವ ಸಮರ್ಥನೆ ಕೊಟ್ಟಿತು ಅನ್ನುವುದಕ್ಕೆ ಇದು ಗಟ್ಟಿ ಸಾಕ್ಷಿ. ನಿಜವಾಗಿ ಯಾರಿಗೆ ಏನಾಯಿತು, ಅಪಾಯ ನಿಜವಾಗಿತ್ತೇ ಅನ್ನುವುದಕ್ಕೆ ಇದೊಂದನ್ನೇ ನೆಚ್ಚಲಾಗದು. 'ಈ ದಾಖಲೆ ಪಕ್ಷಪಾತದ್ದು, ಹಾಗಾಗಿ ನಂಬಲಾಗದು' ಅಂತ ಒಂದೇ ಸಾಲು ಬರೆದು ಬಿಡುವ ಮಕ್ಕಳೇ ಜಾಸ್ತಿ. ಯಾವುದಕ್ಕೆ ನಂಬಬಹುದು, ಯಾವುದಕ್ಕೆ ಆಗದು ಅಂತ ಬಿಡಿಸಿದರೆ ಉತ್ತರ ನಿಲ್ಲುತ್ತದೆ.

ಮುಂದಿನ ಕತೆ ಗೊತ್ತಿದ್ದರೆ ಇನ್ನೂ ಒಳ್ಳೆಯದು. 1944ರ ಕೊರೆಮಾಟ್ಸು ಕೇಸಿನಲ್ಲಿ ಸುಪ್ರೀಂ ಕೋರ್ಟು 6–3ರಲ್ಲಿ ಸರ್ಕಾರದ ಪರ ನಿಂತಿತು. 1988ರಲ್ಲಿ ಕಾಂಗ್ರೆಸ್ ಕಾನೂನು ಮಾಡಿ ಕ್ಷಮೆ ಕೇಳಿತು, ಬದುಕಿದ್ದ ಪ್ರತಿಯೊಬ್ಬರಿಗೂ 20,000 ಡಾಲರ್ ಪರಿಹಾರ ಕೊಟ್ಟಿತು.

ದೊಡ್ಡ ಪ್ರಬಂಧ

ಸಿವಿಕ್ ಲಿಟರಸಿ ಪ್ರಬಂಧದಲ್ಲಿ ಒಂದು ಸಾಂವಿಧಾನಿಕ ಅಥವಾ ನಾಗರಿಕ ಸಮಸ್ಯೆ ಕೊಡುತ್ತಾರೆ. ಅದು ಹೇಗೆ ಹುಟ್ಟಿತು, ಅದನ್ನು ಸರಿಮಾಡಲು ಯಾರು ಏನು ಮಾಡಿದರು, ಅದರಿಂದ ಎಷ್ಟು ಫಲ ಸಿಕ್ಕಿತು ಅಥವಾ ಸಮಾಜದ ಮೇಲೆ ಏನು ಪರಿಣಾಮವಾಯಿತು. ಈ ಮೂರನ್ನೂ ಬರೆಯಬೇಕು. ಆರು ದಾಖಲೆಗಳಲ್ಲಿ ಕಡೇಪಕ್ಷ ನಾಲ್ಕನ್ನು ಬಳಸಬೇಕು, ಅವುಗಳಲ್ಲಿ ಇಲ್ಲದ ಮಾಹಿತಿಯನ್ನೂ ತರಬೇಕು.

ಕಪ್ಪು ಜನರ ವೋಟಿನ ಹಕ್ಕು ವಿಷಯವಾದರೆ, ಮೇಲೆ ಹೇಳಿದ 1870ರಿಂದ 1965ರ ಕತೆಯೇ ಎಲುಬು. ಪ್ರಯತ್ನ ಅಂದಾಗ ಸರ್ಕಾರದ್ದನ್ನು ಮಾತ್ರ ಬರೆದರೆ ಸಾಲದು. 1965ರ ಮಾರ್ಚಿನಲ್ಲಿ ಅಲಬಾಮಾದ ಸೆಲ್ಮಾದಿಂದ ಹೊರಟ ಮೆರವಣಿಗೆ, ಸೇತುವೆಯ ಮೇಲೆ ಪೊಲೀಸರ ಹೊಡೆತ, ಅದನ್ನು ಟಿವಿಯಲ್ಲಿ ನೋಡಿದ ದೇಶ, ಅದೇ ಆಗಸ್ಟಿನಲ್ಲಿ ಬಂದ ಕಾಯ್ದೆ. ಇವನ್ನು ಒಂದರ ಹಿಂದೆ ಒಂದು ಜೋಡಿಸಿದರೆ ಪ್ರಬಂಧಕ್ಕೆ ಜೀವ ಬರುತ್ತದೆ. ಎಷ್ಟು ಫಲ ಸಿಕ್ಕಿತು ಅನ್ನುವಲ್ಲಿ, 2013ರ ಶೆಲ್ಬಿ ಕೌಂಟಿ ತೀರ್ಪಿನಲ್ಲಿ ಆ ಕಾಯ್ದೆಯ ಮುಖ್ಯ ಭಾಗವೊಂದನ್ನು ಸುಪ್ರೀಂ ಕೋರ್ಟು ನಿಲ್ಲಿಸಿದ್ದನ್ನು ಸೇರಿಸಬಹುದು.

ತಪ್ಪಿಸಬೇಕಾದ ಅಭ್ಯಾಸ ಒಂದಿದೆ. 'ದಾಖಲೆ 1 ಹೀಗೆ ಹೇಳುತ್ತದೆ, ದಾಖಲೆ 2 ಹೀಗೆ ಹೇಳುತ್ತದೆ' ಅಂತ ಸಾಲಾಗಿ ಸಾರಾಂಶ ಬರೆಯುವುದು. ಕತೆ ಬರೆಯುವವರದಿರಬೇಕು, ದಾಖಲೆ ಅದಕ್ಕೆ ಸಾಕ್ಷಿಯಾಗಿ ಬರಬೇಕು.

ಕೇಸುಗಳು ಎಷ್ಟು ಬೇಕು?

ಸುಪ್ರೀಂ ಕೋರ್ಟಿನ ಕೇಸುಗಳ ಹೆಸರು ಕಂಡು ಹೆದರುವವರು ಬಹಳ. ಹತ್ತು ಹನ್ನೆರಡು ಸಾಕು. 1803ರ ಮಾರ್ಬರಿ ಕೇಸು ಮೊದಲು. ಸಂವಿಧಾನಕ್ಕೆ ವಿರುದ್ಧವಾದ ಕಾನೂನನ್ನು ಕೋರ್ಟು ರದ್ದು ಮಾಡಬಹುದು ಅಂತ ಹೇಳಿದ್ದು ಅದು. ನಮ್ಮ ಕೋರ್ಟುಗಳಿಗೂ ಈ ಅಧಿಕಾರ ಇದೆ, ಹಾಗಾಗಿ ಅರ್ಥಮಾಡಿಕೊಳ್ಳುವುದು ಕಷ್ಟವಲ್ಲ. 1819ರ ಮೆಕಲಕ್ ಕೇಸು ಕೇಂದ್ರದ ಬಲ ಹೆಚ್ಚಿಸಿತು. ಡ್ರೆಡ್ ಸ್ಕಾಟ್, ಪ್ಲೆಸಿ, ಕೊರೆಮಾಟ್ಸು, ಬ್ರೌನ್ ಆಗಲೇ ನೋಡಿದೆವು. ಬಡ ಆರೋಪಿಗೂ ವಕೀಲರನ್ನು ಕೊಡಬೇಕು ಅಂದ 1963ರ ಗಿಡಿಯನ್, ಬಂಧಿಸಿದವರಿಗೆ ಅವರ ಹಕ್ಕು ಹೇಳಬೇಕು ಅಂದ 1966ರ ಮಿರಾಂಡಾ, ಅಧ್ಯಕ್ಷರೂ ಕಾನೂನಿಗೆ ತಲೆಬಾಗಿ ತಮ್ಮ ಕಚೇರಿಯ ಮಾತುಕತೆಯ ಟೇಪು ಒಪ್ಪಿಸಬೇಕು ಅಂದ 1974ರ ನಿಕ್ಸನ್ ಕೇಸು. ಮಕ್ಕಳಿಗೆ ಬೇಗ ಹತ್ತಿರವಾಗುವುದು 1969ರ ಟಿಂಕರ್. ವಿಯೆಟ್ನಾಂ ಯುದ್ಧ ವಿರೋಧಿಸಿ ಕೈಗೆ ಕಪ್ಪು ಪಟ್ಟಿ ಕಟ್ಟಿಕೊಂಡು ಬಂದ ವಿದ್ಯಾರ್ಥಿಗಳನ್ನು ಶಾಲೆ ಸಸ್ಪೆಂಡ್ ಮಾಡಿತ್ತು. ಕೋರ್ಟು ಮಕ್ಕಳ ಪರ ನಿಂತಿತು.

ಪ್ರತಿ ಕೇಸಿಗೆ ಮೂರು ಸಾಲು ಬರೆದಿಟ್ಟುಕೊಂಡರೆ ಸಾಕು: ಜಗಳ ಏನು, ಕೋರ್ಟು ಏನಂದಿತು, ಅದರಿಂದ ಯಾರ ಬಲ ಹೆಚ್ಚಾಯಿತು ಅಥವಾ ಕಡಿಮೆಯಾಯಿತು.

ಎಪಿ ಬರೆಯುವವರಿಗೆ

ಎಪಿ ಯುಎಸ್ ಹಿಸ್ಟರಿಯಲ್ಲಿ 1491ರಿಂದ ಇಂದಿನವರೆಗೆ ಒಂಬತ್ತು ಕಾಲಘಟ್ಟಗಳು. 55 ಬಹು ಆಯ್ಕೆ ಪ್ರಶ್ನೆಗೆ 55 ನಿಮಿಷ, ಮೂರು ಕಿರು ಉತ್ತರಕ್ಕೆ 40 ನಿಮಿಷ, ಏಳು ದಾಖಲೆಗಳ ಪ್ರಬಂಧಕ್ಕೆ ಓದುವ ಸಮಯವೂ ಸೇರಿ ಒಂದು ಗಂಟೆ, ಇನ್ನೊಂದು ದೀರ್ಘ ಪ್ರಬಂಧಕ್ಕೆ 40 ನಿಮಿಷ. ಈಗ ಕಂಪ್ಯೂಟರಿನಲ್ಲೇ ಬರೆಯುವುದು. ರೀಜೆಂಟ್ಸ್‌ಗಿಂತ ಇಲ್ಲಿ ಒತ್ತಾಯ ಜಾಸ್ತಿ ಇರುವುದು ವಾದಕ್ಕೆ. ಪ್ರಬಂಧದ ಶುರುವಿನಲ್ಲೇ ಒಂದು ನಿಲುವು ಹೇಳಿ ಕೊನೆಯವರೆಗೂ ಅದನ್ನು ಸಾಧಿಸಬೇಕು. 'ಯುದ್ಧಕ್ಕೆ ಹಲವು ಕಾರಣಗಳಿದ್ದವು' ಅನ್ನುವುದು ನಿಲುವಲ್ಲ. ಯಾವ ಕಾರಣ ದೊಡ್ಡದು, ಯಾಕೆ ಅಂತ ಹೇಳಿದರೆ ನಿಲುವು.

ಹಳೆಯ ಪ್ರಶ್ನೆಪತ್ರಿಕೆ, ಮತ್ತು ಮನೆಯವರ ಕೆಲಸ

ರೀಜೆಂಟ್ಸ್‌ನ ಹಳೆಯ ಪ್ರಶ್ನೆಪತ್ರಿಕೆಗಳನ್ನು ನ್ಯೂಯಾರ್ಕ್ ಶಿಕ್ಷಣ ಇಲಾಖೆ ತನ್ನ ವೆಬ್‌ಸೈಟಿನಲ್ಲಿ ಪುಕ್ಕಟೆಯಾಗಿ ಇಟ್ಟಿದೆ. ಅಂಕ ಕೊಡುವವರಿಗೆ ಬರೆದ ಸೂಚನೆ, ಬೇರೆ ಬೇರೆ ಅಂಕ ಪಡೆದ ಮಾದರಿ ಪ್ರಬಂಧಗಳೂ ಅಲ್ಲೇ ಇವೆ. 5 ಬಂದ ಪ್ರಬಂಧವನ್ನೂ 2 ಬಂದದ್ದನ್ನೂ ಪಕ್ಕಪಕ್ಕ ಇಟ್ಟು ಓದಿದರೆ ಯಾವ ಟ್ಯೂಷನ್ನೂ ಕಲಿಸದಷ್ಟು ತಿಳಿಯುತ್ತದೆ. ಒಂದು ಎಚ್ಚರಿಕೆ: ಮೇಲೆ ಹೇಳಿದ ಮಾದರಿಯ ಪ್ರಶ್ನೆಪತ್ರಿಕೆ ಶುರುವಾದದ್ದು 2023ರ ಜೂನ್‌ನಲ್ಲಿ. ಅದಕ್ಕೂ ಹಿಂದಿನವುಗಳಲ್ಲಿ 50 ಬಹು ಆಯ್ಕೆ ಪ್ರಶ್ನೆ ಮತ್ತು ಬೇರೆ ಬಗೆಯ ಪ್ರಬಂಧ ಇವೆ. ದಾಖಲೆ ಓದುವ ಅಭ್ಯಾಸಕ್ಕೆ ಅವೂ ಆಗುತ್ತವೆ, ಸಮಯ ಹಿಡಿದು ಬರೆಯಲು ಹೊಸವೇ ಬೇಕು. ಎಪಿಯ ಹಳೆಯ ಪ್ರಬಂಧ ಪ್ರಶ್ನೆಗಳು ಕಾಲೇಜ್ ಬೋರ್ಡ್‌ನಲ್ಲಿ ಸಿಗುತ್ತವೆ.

ಭಾಷೆಯ ಬಗ್ಗೆಯೂ ಒಂದು ಮಾತು. ಇಂಗ್ಲಿಷ್ ಮೀಡಿಯಂನಲ್ಲಿ ಓದಿದ ಮಕ್ಕಳಿಗೂ 18ನೇ ಶತಮಾನದ ಇಂಗ್ಲಿಷ್ ಕಷ್ಟ. ಒಂದು ವಾಕ್ಯ ಅರ್ಧ ಪುಟ ಓಡುತ್ತದೆ. ಅಂಥ ಕಡೆ ವಾಕ್ಯ ಒಡೆದು, ಯಾರು ಯಾರಿಗೆ ಏನು ಮಾಡಿದರು ಅಂತ ಸಾದಾ ಮಾತಿನಲ್ಲಿ ಪಕ್ಕಕ್ಕೆ ಬರೆದುಕೊಳ್ಳಬೇಕು. ಕನ್ನಡದಲ್ಲೇ ಬರೆದುಕೊಂಡರೂ ಏನೂ ನಷ್ಟವಿಲ್ಲ.

ಅಮೆರಿಕದ ಹಿಸ್ಟರಿ ಗೊತ್ತಿಲ್ಲದ ಅಪ್ಪ ಅಮ್ಮ ಮಾಡಬಹುದಾದ ಕೆಲಸ ಇಲ್ಲಿದೆ. ಊಟದ ಹೊತ್ತಿಗೆ ಅವತ್ತಿನ ಪಾಠವನ್ನು ಮಗುವಿನ ಬಾಯಲ್ಲೇ ಹೇಳಿಸಿ, ಸುಮ್ನೆ ಕೇಳುತ್ತಾ ಹೋಗಿ: ಯಾಕೆ ಹಾಗೆ ಮಾಡಿದರು? ಅದಕ್ಕೆ ಯಾರು ಒಪ್ಪಲಿಲ್ಲ? ನಮ್ಮಲ್ಲಾದರೆ ಹೇಗೆ? ಗೊತ್ತಿಲ್ಲದೆ ಕೇಳುವವರಿಗೆ ಬಿಡಿಸಿ ಹೇಳುವಾಗ ಎಲ್ಲಿ ತಡವರಿಸುತ್ತಾರೋ ಆ ಪಾಠವನ್ನು ಮರುದಿನ ಮತ್ತೆ ತೆಗೆಯಬೇಕು. ಪರೀಕ್ಷೆಗೆ ಒಂದು ತಿಂಗಳಿರುವಾಗ ವಾರಕ್ಕೊಂದು ಪೂರ್ತಿ ಪ್ರಶ್ನೆಪತ್ರಿಕೆ ಬರೆಸಿ. ಬಹು ಆಯ್ಕೆಗೆ ಮುಕ್ಕಾಲು ಗಂಟೆ, ಎರಡು ಕಿರು ಪ್ರಬಂಧಕ್ಕೆ ಸುಮಾರು ಒಂದು ಗಂಟೆ, ಉಳಿದದ್ದು ದೊಡ್ಡ ಪ್ರಬಂಧಕ್ಕೆ. ಮೊದಲ ಸಲ ಸಮಯ ಸಾಲುವುದಿಲ್ಲ, ಆಗ ಸಾಮಾನ್ಯವಾಗಿ ಅರ್ಧಕ್ಕೆ ನಿಲ್ಲುವುದು ಆ ದೊಡ್ಡ ಪ್ರಬಂಧವೇ. ಎರಡನೇ ವಾರದಿಂದ ಅದನ್ನು ಬರೆಯುವ ಮೊದಲು ಐದು ನಿಮಿಷ ಬರೀ ಟಿಪ್ಪಣಿಗೆ ಕೊಡಲು ಹೇಳಿ.